ಕೆಂಡಾಂಗ್ ಬಿಟ್ಟು ಚಾನೆಲ್ ಹಿಡಿಯಬೇಕಾ?

ಪ್ರಶ್ನೆ: ನಾವು ಒಂಬತ್ತು ವರ್ಷದಿಂದ ಇಂಡೊನೇಷ್ಯಾದ ಸುರಬಾಯಾದಲ್ಲಿದ್ದೇವೆ. ಯಜಮಾನರಿಗೆ ಜವಳಿ ಮಿಲ್ಲಿನಲ್ಲಿ ಕೆಲಸ. ನಮ್ಮ ಮನೆಗೆಲಸಕ್ಕೆ ಬರುವವರನ್ನು ‘ಮ್ಬಾಕ್’ ಅಂತ ಕರೆಯುತ್ತೇವೆ, ನಮ್ಮಲ್ಲಿ ಅಕ್ಕ ಅಂದ ಹಾಗೆ. ಅವರ ಮಗನಿಗೆ ಹತ್ತೊಂಬತ್ತು. ಪಕ್ಕದ ಸಿಡೊಆರ್ಜೊದ ಒಂದು ಡಾಂಗ್‌ಡುತ್ ಮೇಳದಲ್ಲಿ, ಅಂದರೆ ಇಲ್ಲಿನ ಜನಪ್ರಿಯ ಹಾಡು-ಕುಣಿತದ ತಂಡದಲ್ಲಿ, ಕೆಂಡಾಂಗ್ ಅನ್ನುವ ಡೋಲು ಬಾರಿಸುತ್ತಾನೆ. ಮದುವೆ, ಮುಂಜಿ ಅಂತ ವಾರಕ್ಕೆರಡು ರಾತ್ರಿ ಕೆಲಸ ಇರುತ್ತದೆ. ಈಗ ಗೆಳೆಯರು, ‘ಪುಡಿಗಾಸಿಗೆ ರಾತ್ರಿಯಿಡೀ ಯಾಕೆ ಬಾರಿಸ್ತೀಯ, ಮೇಳ ಬಿಡು, ಸ್ವಂತ ಚಾನೆಲ್ ಮಾಡು, ಟಿಕ್‌ಟಾಕ್ ಲೈವ್ ಮಾಡು’ ಅಂತ ತಲೆ ತಿನ್ನುತ್ತಿದ್ದಾರೆ. ಅವನ ಒಂದು ತುಣುಕು ಸ್ವಲ್ಪ ವೈರಲ್ ಕೂಡ ಆಯಿತು. ಅದನ್ನು ನೋಡಿ ಒಂದು ‘ಮ್ಯಾನೇಜ್‌ಮೆಂಟ್’ನವರು ಮೂರು ಪುಟದ ಕರಾರು ಕೊಟ್ಟು ಹೋಗಿದ್ದಾರೆ. ನಮ್ಮ ಯಜಮಾನರು ‘ಟಿವಿ ಮುಗೀತು, ಮೇಳಗಳ ಕಥೆಯೂ ಮುಗೀತು, ಈಗೇನಿದ್ರೂ ಫೋನು’ ಅನ್ನುತ್ತಾರೆ. ಮ್ಬಾಕ್ ದಿನಾ ನನ್ನನ್ನು ಕೇಳುತ್ತಾರೆ. ನಾನು ಏನು ಹೇಳಲಿ ಸರ್? ಇಲ್ಲಿ ನಿಜವಾಗಿ ಆಗುತ್ತಿರುವುದೇನು?

ಉತ್ತರ: ನಿಮ್ಮ ಪತ್ರದಲ್ಲಿ ಎರಡು ಪ್ರಶ್ನೆಗಳು ಹೆಣೆದುಕೊಂಡಿವೆ ಮೇಡಂ. ಹಳೆಯದೆಲ್ಲ ಮುಗಿಯಿತಾ ಅನ್ನುವುದು ಒಂದು. ಹುಡುಗ ಸಹಿ ಹಾಕಬೇಕಾ ಅನ್ನುವುದು ಇನ್ನೊಂದು. ಮೊದಲನೆಯದಕ್ಕೆ ತಪ್ಪು ಉತ್ತರ ನಂಬಿಕೊಂಡರೆ ಎರಡನೆಯದರಲ್ಲಿ ಕೈ ಸುಟ್ಟುಕೊಳ್ಳುತ್ತೇವೆ. ವಿಡಿಯೊ ಹಕ್ಕುಗಳನ್ನು ಕೊಳ್ಳುವ, ಮಾರುವ ಕೆಲಸದಲ್ಲಿ ನಾನು ಹದಿನೆಂಟು ವರ್ಷ ಕಳೆದಿದ್ದೇನೆ. ಅದರಲ್ಲಿ ಆರು ವರ್ಷ ಜಕಾರ್ತದಲ್ಲಿ. ಅಲ್ಲಿ ಕಂಡದ್ದನ್ನೇ ಹೇಳುತ್ತೇನೆ.

ಇಂಟರ್ನೆಟ್ ಬಂದ ಮೇಲೆ ಹಳ್ಳಿ ಮೇಳಗಳು ಕ್ಯಾಮೆರಾ ಮುಂದೆ ಬಂದವು ಅನ್ನುವುದು ದೊಡ್ಡ ತಪ್ಪು ತಿಳಿವಳಿಕೆ. ಪೂರ್ವ ಜಾವಾದಲ್ಲಿ ಮದುವೆ ಮನೆಯ ಡಾಂಗ್‌ಡುತ್ ಅನ್ನು ಚಿತ್ರಿಸಿ ವಿಸಿಡಿ ಮಾಡಿ ಸಂತೆಯಲ್ಲಿ ಮಾರುವುದು ಯೂಟ್ಯೂಬ್‌ಗಿಂತ ಹಳೆಯ ಕಸುಬು. ಇನುಲ್ ದಾರಾತಿಸ್ತಾ ಹೆಸರು ನೀವು ಕೇಳಿರುತ್ತೀರಿ. ಪಾಸುರುವಾನ್‌ನ ಹೆಣ್ಣುಮಗಳು. ಸೊಂಟವನ್ನು ಬೈರಿಗೆಯ ಹಾಗೆ ತಿರುಗಿಸುವ ಅವಳ ಕುಣಿತದ ಕಳ್ಳ ವಿಸಿಡಿಗಳು ದೇಶದ ತುಂಬ ಹರಡಿದವು. ಜಕಾರ್ತದ ಟಿವಿಯವರು ಅವಳನ್ನು ಕರೆದದ್ದು ಅದಾದ ಮೇಲೆ. 2003ರಲ್ಲಿ ಡಾಂಗ್‌ಡುತ್‌ನ ದೊರೆ ಅನ್ನಿಸಿಕೊಂಡ ರೋಮಾ ಇರಾಮಾ ಅವಳನ್ನು ಬಹಿರಂಗವಾಗಿ ಬೈದರು. ಬೈದಷ್ಟೂ ಅವಳು ಬೆಳೆದಳು. ಆ ವಿಸಿಡಿಗಳಿಂದ ಅವಳ ಕೈಗೆ ನೇರವಾಗಿ ದುಡ್ಡು ಬರಲಿಲ್ಲ. ಕಾರ್ಯಕ್ರಮದ ಕರೆ ಬಂತು, ಸಂಭಾವನೆ ಏರಿತು. ವಿಡಿಯೊ ಅವಳಿಗೆ ಮಾಡಿದ್ದು ಲಗ್ನಪತ್ರಿಕೆಯ ಕೆಲಸ, ಊಟ ಹಾಕಿದ್ದು ಸ್ಟೇಜು. ಇದನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ, ಹುಡುಗನ ವಿಷಯಕ್ಕೆ ಬಂದಾಗ ಬೇಕಾಗುತ್ತದೆ.

ಇನ್ನು ‘ಟಿವಿ ಮುಗೀತು’ ಅನ್ನುವ ನಿಮ್ಮ ಯಜಮಾನರ ಮಾತು. ಸಂಜೆ ಹೊತ್ತು ಅವರನ್ನು ಯಾವುದಾದರೂ ಕಾಂಪುಂಗ್‌ನ, ಅಂದರೆ ಜನಸಾಮಾನ್ಯರ ಕೇರಿಯ, ಓಣಿಯಲ್ಲಿ ಒಂದು ಸುತ್ತು ಕರೆದುಕೊಂಡು ಹೋಗಿ. 2020ರಲ್ಲಿ, ಎಲ್ಲರೂ ಫೋನ್ ಹಿಡಿದು ಮನೆಯಲ್ಲಿ ಕೂತಿದ್ದ ಕಾಲದಲ್ಲೇ, ಆರ್‌ಸಿಟಿಐ ಚಾನೆಲ್‌ನ ಒಂದು ಹೊಸ ಸಿನೆತ್ರೊನ್, ಅಂದರೆ ಧಾರಾವಾಹಿ, ದೇಶವನ್ನೇ ಹಿಡಿದಿಟ್ಟಿತು. 2014ರಲ್ಲಿ ನಮ್ಮ ಹಿಂದಿ ಮಹಾಭಾರತ ಧಾರಾವಾಹಿ ಎಎನ್‌ಟಿವಿಯಲ್ಲಿ ಬಂದಾಗ ಅರ್ಜುನನ ಪಾತ್ರದ ನಟ ಅಲ್ಲಿ ಮನೆಮಾತಾಗಿಬಿಟ್ಟ. ಟಿವಿ ಸತ್ತಿಲ್ಲ. ಬದಲಾದದ್ದು ಟಿವಿಗೂ ಆನ್‌ಲೈನಿಗೂ ಇರುವ ನೆಂಟಸ್ತನ. ಎಸ್‌ಸಿಟಿವಿ, ಇಂಡೊಸಿಯಾರ್ ಚಾನೆಲ್‌ಗಳ ಒಡೆತನ ಇರುವ ಎಮ್‌ಟೆಕ್ ಗುಂಪಿನದ್ದೇ ‘ವಿಡಿಯೊ’ (Vidio) ಅನ್ನುವ ಹೆಸರಿನ ಸ್ಟ್ರೀಮಿಂಗ್ ಆ್ಯಪ್ ಕೂಡ. ಟಿವಿ ನಿರೂಪಕ ರಾಫಿ ಅಹ್ಮದ್ ಮನೆಯೊಳಗಿನ ದಿನಚರಿಯನ್ನೇ ಯೂಟ್ಯೂಬ್‌ಗೆ ಹಾಕಿ ಕಂಪನಿ ಕಟ್ಟಿದ. 2024ರಲ್ಲಿ ಅಧ್ಯಕ್ಷರ ವಿಶೇಷ ದೂತನೂ ಆದ. ಯೂಟ್ಯೂಬ್‌ನಿಂದ ಮೇಲೆ ಬಂದ ಅತ್ತಾ ಹಲಿಲಿಂತಾರ್ ಮದುವೆಯನ್ನು 2021ರಲ್ಲಿ ಆರ್‌ಸಿಟಿಐ ನೇರಪ್ರಸಾರ ಮಾಡಿತು. ಆಗಿನ ಅಧ್ಯಕ್ಷ ಜೋಕೊವಿ ಬಂದು ಸಾಕ್ಷಿಯಾಗಿ ಕೂತರು. ಜನ ಸಾಕಷ್ಟು ಗೊಣಗಿದರು ಅನ್ನಿ, ಆದರೂ ನೋಡಿದರು.

ಅದೇ ಆರ್‌ಸಿಟಿಐ ಮತ್ತು ಅದರ ಸೋದರ ಚಾನೆಲ್ ಒಂದು 2020ರಲ್ಲಿ ಸಂವಿಧಾನ ನ್ಯಾಯಾಲಯಕ್ಕೆ ಹೋಗಿ, ಆನ್‌ಲೈನ್ ವಿಡಿಯೊಗೂ ಪ್ರಸಾರ ಕಾಯ್ದೆ ಹಾಕಿ ಅಂತ ಕೇಳಿಕೊಂಡವು. 2021ರ ಜನವರಿಯಲ್ಲಿ ನ್ಯಾಯಾಲಯ ಆಗಲ್ಲ ಅಂದಿತು. ಒಂದು ಕೈಯಲ್ಲಿ ಕೇಸು, ಇನ್ನೊಂದು ಕೈಯಲ್ಲಿ ಮದುವೆಯ ಪ್ರಸಾರ! ಈ ವ್ಯಾಪಾರದಲ್ಲಿ ಯಾರು ಯಾರ ವೈರಿ ಅಂತ ಕೇಳಲೇಬಾರದು.

ಹಾಗಾದರೆ ನಿಜವಾಗಿ ಬದಲಾದದ್ದೇನು? ನನ್ನ ಪ್ರಕಾರ ಎರಡು: ಊರು ಮತ್ತು ಭಾಷೆ. ಮೊದಲು ದೇಶ ನೋಡುವಂಥದ್ದು ಏನಾದರೂ ಆಗಬೇಕಿದ್ದರೆ ಜಕಾರ್ತದ ಬಾಗಿಲು ತಟ್ಟಬೇಕಿತ್ತು. ಸಿನೆತ್ರೊನ್‌ನಲ್ಲಿ ಎಲ್ಲರೂ ಜಕಾರ್ತದ ಧಾಟಿಯ ಇಂಡೊನೇಷ್ಯನ್ ಮಾತಾಡುತ್ತಿದ್ದರು. ಜಾವಾ ಭಾಷೆ ಮಾತಾಡಿದರೆ ಅದು ಮನೆಗೆಲಸದವಳ ಪಾತ್ರ, ಇಲ್ಲವೇ ನಗಿಸುವವನ ಪಾತ್ರ. ದೇಶದ ಜನರಲ್ಲಿ ನೂರಕ್ಕೆ ನಲವತ್ತರಷ್ಟು ಮಂದಿ ಜಾವಾ ಜನಾಂಗದವರು, ಆದರೂ ಅವರ ನುಡಿಗೆ ಪರದೆಯ ಮೇಲೆ ಸಿಕ್ಕ ಮರ್ಯಾದೆ ಇಷ್ಟೇ. ನಿಮ್ಮ ಮ್ಬಾಕ್ ಇದನ್ನು ನನಗಿಂತ ಚೆನ್ನಾಗಿ ಹೇಳುತ್ತಾರೆ.

ಈಗ ನೋಡಿ. ಪೂರ್ವ ಜಾವಾದಲ್ಲಿ ಙಾವಿ ಅಂತ ಒಂದು ಸಣ್ಣ ಊರಿದೆ. ನಮ್ಮ ವರ್ಣಮಾಲೆಯ ಙ ಅಕ್ಷರಕ್ಕೆ ಕೊನೆಗೂ ಒಂದು ಕೆಲಸ ಸಿಕ್ಕಿತು! ಅಲ್ಲಿನ ಸರ್ಕಾರಿ ಕಚೇರಿಯಲ್ಲಿ ಗುತ್ತಿಗೆ ನೌಕರನಾಗಿದ್ದ ಡೆನ್ನಿ ಚಕ್ನಾನ್ 2019ರಲ್ಲಿ ಜಾವಾ ಭಾಷೆಯಲ್ಲಿ ಒಂದು ಹಾಡು ಬರೆದು ಯೂಟ್ಯೂಬ್‌ಗೆ ಹಾಕಿದ. ಹಾಡಿನಲ್ಲಿ ಬರುವುದು ಆ ಊರಿನ ಕಾರ್ತೊನ್ಯೊನೊ ಅನ್ನುವ ಸರ್ಕಲ್ಲು. ಅಲ್ಲೇ ಮಾತು ಮುರಿದು ಹೋದವಳ ನೆನಪು. ಜಕಾರ್ತದ ಯಾವ ನಿರ್ಮಾಪಕನೂ ಙಾವಿಯ ಸರ್ಕಲ್ ಹೆಸರಿಟ್ಟ ಹಾಡಿಗೆ ದುಡ್ಡು ಹಾಕುತ್ತಿರಲಿಲ್ಲ. ಅದು ದೇಶದ ಹಾಡಾಯಿತು. ಅದೇ ವರ್ಷ ಸೊಲೊ ಪಟ್ಟಣದ ದಿದಿ ಕೆಂಪೊತ್ ಅವರಿಗೆ ಎರಡನೆಯ ಹುಟ್ಟು ಬಂತು. ಬೀದಿ ಗಾಯಕನಾಗಿ ಶುರುಮಾಡಿ ಮೂವತ್ತು ವರ್ಷದಿಂದ ಜಾವಾ ಭಾಷೆಯಲ್ಲೇ ವಿರಹ ಹಾಡುತ್ತಿದ್ದವರು. ಅವರ ಹಾಡಿಗೆ ಕಣ್ಣೀರು ಹಾಕುವ ಹುಡುಗರ ವಿಡಿಯೊಗಳು ಹರಡಿ ಕಾಲೇಜು ಮಕ್ಕಳೆಲ್ಲ ಅವರ ಹಿಂದೆ ಬಿದ್ದರು. 2020ರ ಏಪ್ರಿಲ್‌ನಲ್ಲಿ ಕೋವಿಡ್ ಸಂತ್ರಸ್ತರಿಗಾಗಿ ಮನೆಯಿಂದಲೇ ಟಿವಿಯಲ್ಲಿ ಹಾಡಿ ಕೋಟ್ಯಂತರ ರೂಪಿಯಾ ಕೂಡಿಸಿಕೊಟ್ಟರು. ಮೇ 5ರಂದು ತೀರಿಕೊಂಡರು.

ನನಗೆ ತುಂಬ ಇಷ್ಟವಾದ ಉದಾಹರಣೆ ‘ತಿಲಿಕ್’. ಅರ್ಧ ಗಂಟೆಯ ಕಿರುಚಿತ್ರ. ಲಾರಿಯ ಹಿಂಬದಿಯಲ್ಲಿ ನಿಂತ ಹಳ್ಳಿ ಹೆಂಗಸರು ಆಸ್ಪತ್ರೆಯಲ್ಲಿರುವ ಊರ ಮುಖ್ಯಸ್ಥೆಯನ್ನು ನೋಡಲು ಪಟ್ಟಣಕ್ಕೆ ಹೋಗುತ್ತಾರೆ. ದಾರಿಯುದ್ದಕ್ಕೂ ಬು ತೆಜೊ ಅನ್ನುವಾಕೆ ಮದುವೆಯಾಗದ ಒಬ್ಬ ಹುಡುಗಿಯ ಮೇಲೆ ಚಾಡಿ ಹೇಳುತ್ತಾ ಹೋಗುತ್ತಾಳೆ. ಅಷ್ಟೇ ಕಥೆ. ಮಾತೆಲ್ಲ ಜಾವಾ ಭಾಷೆ. ಯೋಗ್ಯಕರ್ತದ ಸಂಸ್ಕೃತಿ ಇಲಾಖೆಯ ಹಣದಲ್ಲಿ 2018ರಲ್ಲಿ ಮಾಡಿದ್ದು. ಎರಡು ವರ್ಷ ಚಿತ್ರೋತ್ಸವದವರು ಮಾತ್ರ ನೋಡಿದ್ದರು. 2020ರ ಆಗಸ್ಟ್ 17ರಂದು, ಅವರ ಸ್ವಾತಂತ್ರ್ಯ ದಿನ, ಯೂಟ್ಯೂಬ್‌ಗೆ ಹಾಕಿದರು. ಕೆಲವೇ ದಿನದಲ್ಲಿ ಲಕ್ಷ ದಾಟಿ ಕೋಟಿ ಮುಟ್ಟಿತು. ಬು ತೆಜೊ ಪಾತ್ರ ಮಾಡಿದ ಸಿತಿ ಫೌಜಿಯಾ ಜಾಹೀರಾತುಗಳಿಗೆ ಬಂದರು. ಗಮನಿಸಿ, ಆ ಚಿತ್ರವನ್ನು ಆನ್‌ಲೈನ್ ದುಡ್ಡು ಹುಟ್ಟಿಸಲಿಲ್ಲ. ಹುಟ್ಟಿಸಿದ್ದು ಸರ್ಕಾರಿ ದುಡ್ಡು, ತಲುಪಿಸಿದ್ದು ಆನ್‌ಲೈನ್.

ತೊಗಲುಗೊಂಬೆಯಾಟ ವಯಾಂಗ್ ಕೂಡ ಹೀಗೆಯೇ. ಯೋಗ್ಯಕರ್ತದ ಸೂತ್ರಧಾರ ಕಿ ಸೆನೊ ನುಗ್ರೊಹೊ ರಾತ್ರಿಯಿಡೀ ನಡೆಯುವ ಆಟವನ್ನು ಯೂಟ್ಯೂಬ್‌ನಲ್ಲಿ ನೇರವಾಗಿ ತೋರಿಸುತ್ತಿದ್ದರು. ಕೋವಿಡ್ ಸಮಯದಲ್ಲಿ ಆಟಗಳೆಲ್ಲ ನಿಂತಾಗ ಮನೆಯಿಂದಲೇ ಆಡಿಸಿದರು. ತಮ್ಮ ಮೇಳದ ವಾದ್ಯದವರಿಗೆ ಕೆಲಸ ಕೊಟ್ಟರು. ಅದೇ ಸಮಯದಲ್ಲಿ ನಮ್ಮ ಕರಾವಳಿಯ ಯಕ್ಷಗಾನದವರೂ ಹೀಗೇ ಮಾಡಿದ್ದು ನಿಮಗೆ ನೆನಪಿರಬಹುದು. 2020ರ ನವೆಂಬರ್‌ನಲ್ಲಿ, 48ನೇ ವಯಸ್ಸಿಗೇ ಸೆನೊ ಹೋಗಿಬಿಟ್ಟರು. ಅವರ ಬಗೋಂಗ್, ಅಂದರೆ ನಮ್ಮ ಹಾಸ್ಯಗಾರನ ಹಾಗಿನ ಪಾತ್ರ, ಈಗಲೂ ಫೋನುಗಳಲ್ಲಿ ಮಾತಾಡುತ್ತಲೇ ಇದೆ.

ಇದೆಲ್ಲ ಒಳ್ಳೆಯ ಮುಖ. ಈಗ ದುಡ್ಡಿನ ಮಾತಿಗೆ ಬರೋಣ.

ಡಾಂಗ್‌ಡುತ್ ನೋಡಿದ್ದರೆ ಸಾವೆರಾನ್ ನೋಡಿಯೇ ಇರುತ್ತೀರಿ. ಹಾಡುವವಳ ಹತ್ತಿರ ಕುಣಿಯುತ್ತಾ ಹೋಗಿ ನೋಟು ಕೊಡುವುದು. ಅಲ್ಲಿನ ಲೈವ್ ವಿಡಿಯೊ ವ್ಯಾಪಾರ ಪೂರ್ತಿ ಇದೇ ಅಭ್ಯಾಸದ ಮೇಲೆ ನಿಂತಿದೆ. ಆಟ ಆಡುತ್ತಾ ಲೈವ್ ಬರುವವರಿಗೆ ದುಡ್ಡು ಕಳಿಸುವ ಇಂಡೊನೇಷ್ಯಾದ ತಾಣದ ಹೆಸರೇ ಸಾವೆರಿಯಾ. ಟಿಕ್‌ಟಾಕ್‌ನ ಗುಲಾಬಿ, ಸಿಂಹದ ಗಿಫ್ಟುಗಳೂ ಅದೇ. ವ್ಯತ್ಯಾಸ ಒಂದೇ. ಮದುವೆ ಮನೆಯ ನೋಟು ಮೇಳದ ಕೈಗೇ ಬರುತ್ತದೆ, ಗಿಫ್ಟಿನಲ್ಲಿ ದೊಡ್ಡ ಪಾಲು ಕಂಪನಿಗೆ ಹೋಗುತ್ತದೆ. ಮತ್ತೆ ಮದುವೆ ಮನೆಯಲ್ಲಿ ಊರ ಹಿರಿಯರ ಕಣ್ಣಿರುತ್ತದೆ. ಲೈವ್‌ನಲ್ಲಿ ಯಾರ ಕಣ್ಣೂ ಇಲ್ಲ. 2023ರ ಜನವರಿಯಲ್ಲಿ ಲೊಂಬೊಕ್ ದ್ವೀಪದ ವಯಸ್ಸಾದ ಹೆಂಗಸರನ್ನು ಕೆಸರು ನೀರಿನಲ್ಲಿ ಗಂಟೆಗಟ್ಟಲೆ ಕೂರಿಸಿ, ಮೈಮೇಲೆ ನೀರು ಸುರಿದುಕೊಳ್ಳುವುದನ್ನು ಗಿಫ್ಟಿಗಾಗಿ ಲೈವ್ ತೋರಿಸಿದರು. ಸಮಾಜ ಕಲ್ಯಾಣ ಸಚಿವೆ ‘ಆನ್‌ಲೈನ್ ಭಿಕ್ಷೆ’ ತಡೆಯಿರಿ ಅಂತ ಸುತ್ತೋಲೆ ಹೊರಡಿಸಬೇಕಾಯಿತು. ಹುಡುಗ ಹಾಗೆ ಮಾಡುತ್ತಾನೆ ಅಂತ ನಾನು ಹೇಳುತ್ತಿಲ್ಲ. ಆದರೆ ಕೆಂಡಾಂಗ್ ನುಡಿಸಿದರೆ ಹತ್ತು ಗುಲಾಬಿ, ಕೆಂಡಾಂಗ್ ಒಳಗೆ ತಲೆ ತೂರಿಸಿದರೆ ನೂರು ಗುಲಾಬಿ ಅಂತ ಗೊತ್ತಾದ ರಾತ್ರಿ ಯಾರಿಗಾದರೂ ಕೈ ನಡುಗುತ್ತದೆ.

ಇನ್ನೊಂದು ಅಪಾಯ ಬಾಗಿಲು ಹಾಕಿಕೊಳ್ಳುವುದು. ಟಿಕ್‌ಟಾಕ್ ಅನ್ನೇ 2018ರ ಜುಲೈನಲ್ಲಿ ಸರ್ಕಾರ ಸುಮಾರು ಒಂದು ವಾರ ಮುಚ್ಚಿಸಿತ್ತು. 2023ರ ಅಕ್ಟೋಬರ್‌ನಲ್ಲಿ ಅದರ ಅಂಗಡಿ ವಿಭಾಗ ನಿಂತುಹೋಗಿ, ಲೈವ್‌ನಲ್ಲಿ ಬಟ್ಟೆಬರೆ ಮಾರುತ್ತಿದ್ದವರು ಡಿಸೆಂಬರ್‌ವರೆಗೆ ಕೈಕಟ್ಟಿ ಕೂತರು. 2025ರ ಆಗಸ್ಟ್ ಕೊನೆಯಲ್ಲಿ, ಪ್ರತಿಭಟನೆಗಳು ಜೋರಾದಾಗ, ಕಂಪನಿಯೇ ದೇಶದ ತುಂಬ ಲೈವ್ ಸೌಲಭ್ಯವನ್ನು ಕೆಲವು ದಿನ ನಿಲ್ಲಿಸಿತು. ಲೈವ್ ಒಂದೇ ಗತಿ ಅಂತ ಇದ್ದವರ ಆ ವಾರದ ಅಡುಗೆ ಹೇಗಾಯಿತೋ.

ಕೆಲಸ ಬಿಡುವ ವಿಷಯಕ್ಕೆ ನನಗೆ ಮೊದಲು ನೆನಪಾಗುವುದು ನಾರ್ಮನ್ ಕಮಾರು. 2011. ಸುಲವೇಸಿಯ ಗೊರೊಂತಾಲೊದಲ್ಲಿ ಪೊಲೀಸ್ ಆಗಿದ್ದವರು. ಸಮವಸ್ತ್ರದಲ್ಲೇ ಕೂತು ನಮ್ಮ ‘ಛೈಯ್ಯ ಛೈಯ್ಯ’ ಹಾಡಿಗೆ ತುಟಿ ಆಡಿಸಿದ ವಿಡಿಯೊ ಯೂಟ್ಯೂಬ್‌ನಲ್ಲಿ ಕಾಡ್ಗಿಚ್ಚಿನ ಹಾಗೆ ಹರಡಿತು. ಜಕಾರ್ತದ ಟಿವಿಗಳು ಹೆಗಲ ಮೇಲೆ ಹೊತ್ತು ಮೆರೆಸಿದವು. ಇಲಾಖೆಯ ಕೆಲಸ ಬದಿಗೆ ಸರಿಯಿತು. ಆ ವರ್ಷ ಮುಗಿಯುವುದರೊಳಗೆ ಪೊಲೀಸ್ ಇಲಾಖೆ ಅವರನ್ನು ವಜಾ ಮಾಡಿತು. ಹಾಡಿನ ದಾರಿ ಬಹಳ ದೂರ ಹೋಗಲಿಲ್ಲ. ಮುಂದೆ ಜಕಾರ್ತದಲ್ಲಿ ಮನಾಡೊ ಗಂಜಿಯ ಅಂಗಡಿ ಇಟ್ಟುಕೊಂಡರು. ಗಂಜಿ ಮಾರುವುದು ಮರ್ಯಾದೆಯ ಕೆಲಸ, ಅದರಲ್ಲಿ ಕೀಳೇನೂ ಇಲ್ಲ. ನಾನು ಹೇಳುತ್ತಿರುವುದು ಲೆಕ್ಕದ ಮಾತು: ವೈರಲ್ ಆದದ್ದು ಒಂದು ವಿಡಿಯೊ, ಬಿಟ್ಟದ್ದು ತಿಂಗಳ ಸಂಬಳ.

ಈಗ ನಿಮ್ಮ ಹುಡುಗ. ಅವನ ಮುಂದೆ ಇರುವ ದಾರಿಗಳನ್ನು ನಾನು ಕಂಡ ಹಾಗೆ ಹೇಳುತ್ತೇನೆ.

ಮೇಳದಲ್ಲೇ ಇದ್ದುಕೊಂಡು, ಸ್ವಂತ ಚಾನೆಲನ್ನೂ ನಿಧಾನವಾಗಿ ಬೆಳೆಸುವುದು ನನಗೆ ಸರಿ ಕಾಣುತ್ತದೆ. ಡಾಂಗ್‌ಡುತ್‌ನ ಬಿರುಸು ತಾಳದ ಕೊಪ್ಲೊ ಶೈಲಿಯಲ್ಲಿ ಹಾಡುವವಳಷ್ಟೇ ಮುಖ್ಯ ಕೆಂಡಾಂಗ್‌ನವನು. ಬರೀ ಅವನ ಕೈ ತೋರಿಸುವ ವಿಡಿಯೊಗಳಿಗೇ ಪ್ರತ್ಯೇಕ ನೋಡುಗರಿದ್ದಾರೆ. ಮುಂದೆ ಪಾಠ ಹೇಳಬಹುದು, ಬೇರೆ ಮೇಳಗಳಿಂದ ಕರೆ ಬರಬಹುದು. ಆದರೆ ಜಾಹೀರಾತಿನ ದುಡ್ಡನ್ನು ನಂಬಿ ಮನೆ ನಡೆಸುವ ಹಾಗಿಲ್ಲ. ಯೂಟ್ಯೂಬ್ ಜಾಹೀರಾತಿನಲ್ಲಿ ಪಾಲು ಕೊಡಬೇಕಾದರೆ ಸಾವಿರ ಚಂದಾದಾರರು ಬೇಕು. ಜೊತೆಗೆ ಒಂದು ವರ್ಷದಲ್ಲಿ 4000 ಗಂಟೆ ನೋಟ, ಇಲ್ಲವೇ 90 ದಿನದಲ್ಲಿ ಶಾರ್ಟ್ಸ್‌ಗೆ ಒಂದು ಕೋಟಿ ನೋಟ ಬೇಕು. ಅದು ದಾಟಿದ ಮೇಲೂ ಇಂಡೊನೇಷ್ಯಾದ ನೋಟಕ್ಕೆ ಸಿಗುವ ದರ ಅಮೆರಿಕದ ನೋಟದ ಮುಂದೆ ತೀರಾ ಕಡಿಮೆ. ಇನುಲ್ ಲೆಕ್ಕವೇ ಇಲ್ಲೂ: ಚಾನೆಲ್ ಲಗ್ನಪತ್ರಿಕೆ, ಊಟ ಸ್ಟೇಜಿನದ್ದು.

ಇಲ್ಲೊಂದು ಸಿಕ್ಕು ಇದೆ. ಅವನು ನುಡಿಸುವ ಹಾಡು ಬೇರೆಯವರದ್ದು. ಕೊಪ್ಲೊ ಮೇಳಗಳು ಯಾವ ಹಾಡನ್ನು ಬೇಕಾದರೂ ಎತ್ತಿಕೊಂಡು ತಮ್ಮ ತಾಳಕ್ಕೆ ಕೂರಿಸುತ್ತವೆ. ಅದೇ ಅವುಗಳ ಸೊಗಸು. ಸಂತೆಯ ವಿಸಿಡಿಯಲ್ಲಿ ಯಾರೂ ಕೇಳುತ್ತಿರಲಿಲ್ಲ. ಯೂಟ್ಯೂಬ್‌ನಲ್ಲಿ ಯಂತ್ರವೇ ಹಾಡನ್ನು ಗುರುತಿಸಿ ದುಡ್ಡನ್ನು ಹಕ್ಕಿನವರ ಕಡೆ ತಿರುಗಿಸುತ್ತದೆ. 2018ರಲ್ಲಿ ಬಾಲಿಯ ಒಬ್ಬ ರಾಕ್ ಡ್ರಮ್ಮರ್, ತಮ್ಮ ತಂಡದ ಹೋರಾಟದ ಹಾಡನ್ನು ಕೇಳದೇ ಹಾಡಿದ್ದಾಳೆ ಅಂತ ಆ ಕಾಲದ ದೊಡ್ಡ ಕೊಪ್ಲೊ ಗಾಯಕಿ ವಿಯಾ ವಾಲೆನ್ ಮೇಲೆ ಸಿಡಿದೆದ್ದಿದ್ದ. ಏಷ್ಯನ್ ಗೇಮ್ಸ್ ಉದ್ಘಾಟನೆಯಲ್ಲಿ ಹಾಡಿದವಳಿಗೇ ಈ ಕಾಟ ತಪ್ಪಲಿಲ್ಲ. ಹುಡುಗ ತಾನೇ ಕಟ್ಟಿದ ತಾಳದ ತುಣುಕುಗಳನ್ನು ಜಾಸ್ತಿ ಹಾಕಲಿ.

ಬರೀ ಲೈವ್ ನಂಬಿಕೊಂಡು ಮೇಳ ಬಿಡುವುದು ಬೇಡವೇ ಬೇಡ. ಕಾರಣ ಮೇಲೆ ಹೇಳಿದ್ದೇನೆ. ಲೈವ್ ಮಾಡುವಾಗ ಧರ್ಮದ ವಿಷಯದಲ್ಲಿ ತಮಾಷೆ ಬೇಡ ಅಂತಲೂ ಹೇಳಿ. ಪ್ರಾರ್ಥನೆಯ ಮಾತು ಹೇಳಿ ಹಂದಿ ಮಾಂಸ ತಿಂದ ವಿಡಿಯೊಗೆ 2023ರಲ್ಲಿ ಒಬ್ಬ ಹೆಣ್ಣುಮಗಳಿಗೆ ಎರಡು ವರ್ಷ ಜೈಲಾಯಿತು.

ಉಳಿದದ್ದು ಆ ಮೂರು ಪುಟ. ಇದರ ಬಗ್ಗೆ ಸ್ವಲ್ಪ ಜಾಸ್ತಿಯೇ ಹೇಳಬೇಕು. ಯಾಕೆಂದರೆ ಇಂಥ ಕಾಗದದ ಆಚೆ ಬದಿಯಲ್ಲಿ ನಾನೇ ಕೂತಿದ್ದೆ. ಜಕಾರ್ತದಲ್ಲಿದ್ದಾಗ ಮಧ್ಯ ಜಾವಾದ ಒಂದು ಮೇಳದ ನೂರಾರು ವಿಡಿಯೊಗಳನ್ನು ನಮ್ಮ ಕಂಪನಿ ಕೊಂಡಿತು. ಮೇಳದ ಯಜಮಾನರಿಗೆ ಒಂದೇ ಬಾರಿ ದುಡ್ಡು ಕೊಟ್ಟೆವು. ಅವರು ಅದರಲ್ಲಿ ಹೊಸ ಸ್ಪೀಕರ್ ತಗೊಂಡು ಖುಷಿಯಾಗಿದ್ದರು. ಎರಡು ವರ್ಷದಲ್ಲಿ ಆ ವಿಡಿಯೊಗಳು ಅದರ ಎಷ್ಟೋ ಪಟ್ಟು ದುಡಿದವು. ವಾದ್ಯದವರಿಗೆ ಒಂದು ರೂಪಿಯಾ ಹೋಗಲಿಲ್ಲ. ಕಾಗದದಲ್ಲಿ ಎಲ್ಲ ಸರಿಯಾಗಿಯೇ ಇತ್ತು, ಅದೇ ಬೇಜಾರಿನ ವಿಷಯ. ಇದಕ್ಕೆ ಅಲ್ಲಿ ‘ಜುವಾಲ್ ಪುತುಸ್’ ಅನ್ನುತ್ತಾರೆ, ಒಂದೇ ಏಟಿಗೆ ಮಾರಿ ಕೈತೊಳೆದುಕೊಳ್ಳುವುದು. ಕರಾರಿನಲ್ಲಿ ಆ ಎರಡು ಪದ ಇದೆಯಾ ಅಂತ ಮೊದಲು ಹುಡುಕಿ. 2014ರ ಕೃತಿಸ್ವಾಮ್ಯ ಕಾಯ್ದೆ ಹಾಗೆ ಮಾರಿದ ಹಾಡು-ಸಂಗೀತದ ಹಕ್ಕು 25 ವರ್ಷದ ಮೇಲೆ ಕಲಾವಿದರಿಗೆ ವಾಪಸ್ ಬರಬೇಕು ಅನ್ನುತ್ತದೆ. ಹುಡುಗನಿಗೆ ಆಗ ನಲವತ್ನಾಲ್ಕು ವಯಸ್ಸು!

ಆಮೇಲೆ ನೋಡಬೇಕಾದ್ದು ಚಾನೆಲ್ ಯಾರ ಇಮೇಲ್‌ನಲ್ಲಿ ತೆರೆಯುತ್ತಾರೆ ಅನ್ನುವುದು. ಅವರ ಇಮೇಲ್ ಆದರೆ ಕರಾರು ಮುಗಿದ ದಿನ ಹುಡುಗನ ಮುಖ, ಹೆಸರು, ನೋಡುಗರು ಎಲ್ಲ ಅಲ್ಲೇ ಉಳಿಯುತ್ತವೆ. ಎಷ್ಟು ವರ್ಷ ಅಂತ ಬರೆದಿದ್ದಾರೆ ನೋಡಿ. ಒಂದು ವರ್ಷ ಸಾಕು. ‘ತಾನಾಗಿ ಮುಂದುವರಿಯುತ್ತದೆ’ ಅಂತ ಇದ್ದರೆ ಹೊಡೆದುಹಾಕಲು ಹೇಳಿ. ಪಾಲು ಶೇಕಡಾ ಇಷ್ಟು ಅಂತ ಬರೆದಿರುತ್ತಾರೆ. ಖರ್ಚು ಕಳೆದ ಮೇಲಾ, ಮೊದಲಾ? ಆ ಖರ್ಚನ್ನು ಬರೆಯುವವರು ಯಾರು? ಮೇಳದಲ್ಲಿ ನುಡಿಸುವುದಕ್ಕೂ ಅವರ ಅಪ್ಪಣೆ ಬೇಕು ಅಂತಿದ್ದರೆ ಮಾತು ಅಲ್ಲಿಗೇ ನಿಲ್ಲಿಸಬೇಕು. ಒಪ್ಪದೇ ಹೋದರೆ ಆಗುವ ನಷ್ಟ ಇಷ್ಟೇ: ಅವರ ಕ್ಯಾಮೆರಾ, ಅವರ ಪ್ರಚಾರ ಸಿಗಲ್ಲ. ಅದು ಸಣ್ಣ ನಷ್ಟವೇನಲ್ಲ, ನಿಜ. ಒಳ್ಳೆಯ ಮ್ಯಾನೇಜ್‌ಮೆಂಟ್‌ನವರೂ ಇದ್ದಾರೆ, ಅವರ ಕೈಯಲ್ಲಿ ಬೆಳೆದವರನ್ನು ಕಂಡಿದ್ದೇನೆ. ಒಳ್ಳೆಯವರು ಹದಿನೈದು ದಿನ ಟೈಮ್ ಕೊಡುತ್ತಾರೆ. ನಾಳೆಯೇ ಸಹಿ ಬೇಕು ಅನ್ನುವವರ ಜೊತೆ ಮಾತ್ರ ಹುಷಾರು.

ಹತ್ತು ಸಾವಿರ ರೂಪಿಯಾದ ಮೆತೆರಾಯ್ ಸ್ಟಾಂಪು ಅಂಟಿಸಿ ಅದರ ಮೇಲೆ ಸಹಿ ಹಾಕಿಸಿಕೊಳ್ಳುವುದು ಅಲ್ಲಿನ ರೂಢಿ. ಸ್ಟಾಂಪು ಇಲ್ಲದಿದ್ದರೆ ಕರಾರಿಗೆ ಬೆಲೆ ಇಲ್ಲ ಅಂತ ಜನ ಅಂದುಕೊಂಡಿದ್ದಾರೆ. ಹಾಗೇನಿಲ್ಲ, ಅದು ತೆರಿಗೆ ಅಷ್ಟೇ. ಬರೀ ಸಹಿಯೂ ಕಟ್ಟಿಹಾಕುತ್ತದೆ. ಅದನ್ನು ಮ್ಬಾಕ್‌ಗೆ ಬಿಡಿಸಿ ಹೇಳಿ. ಹೆಸರು, ವಿಳಾಸ, ಫೋನ್ ನಂಬರ್ ಮುಚ್ಚಿ ಮೂರೂ ಪುಟದ ಫೋಟೊ ಕಳಿಸಿದರೆ ನಾನೂ ಒಮ್ಮೆ ಓದಿ ನೋಡುತ್ತೇನೆ. ಅಲ್ಲಿಯವರೆಗೆ ಹುಡುಗ ಯಾವುದಕ್ಕೂ ಸಹಿ ಹಾಕದಿರಲಿ, ವಾರದ ಎರಡು ರಾತ್ರಿಯನ್ನೂ ತಪ್ಪಿಸದಿರಲಿ.